ಪೆಟ್ಟಿಗೆ ಮಾಡುವ ತಾತನಿಗೂ ಒಂದು ಥ್ಯಾಂಕ್ಸ್

ನನ್ನ ಬೈಪಾಸ್ ಆಪರೇಷನ್ ಆಗಿ ಇವತ್ತಿಗೆ ಒಂದು ವರ್ಷ. ದಿನಾ ಬೆಳಿಗ್ಗೆ ಪಾರ್ಕಿಗೆ ಮೂರು ಸುತ್ತು ಹಾಕುತ್ತೇನೆ. ಅದಕ್ಕೆ ಕಾರಣರಾದವರನ್ನು ಇವತ್ತು ನೆನೆಯಲೇಬೇಕು.

ಮೊದಲು ಎದುರುಮನೆ ಅಣ್ಣ. ರಾತ್ರಿ ಎರಡು ಗಂಟೆಗೆ ಎದೆ ಹಿಂಡಿದಾಗ ಆಂಬುಲೆನ್ಸ್ ಬರಲಿಲ್ಲ. ಅಣ್ಣ ತನ್ನ ತರಕಾರಿ ಟೆಂಪೋದಲ್ಲೇ ನನ್ನನ್ನು ಮಲಗಿಸಿಕೊಂಡು ಹೊರಟುಬಿಟ್ಟ. ತಲೆ ಕೆಳಗೆ ಮಡಿಸಿದ ಗೋಣಿಚೀಲ, ಸುತ್ತ ಕೊತ್ತಂಬರಿ ಸೊಪ್ಪಿನ ವಾಸನೆ. ಆಮೇಲೆ ರಕ್ತ ಕೊಟ್ಟ ಇಬ್ಬರು ಹುಡುಗರು, ರಾತ್ರಿಯೆಲ್ಲ ಬಂದು ನೋಡಿ ಹೋಗುತ್ತಿದ್ದ ನರ್ಸಮ್ಮ, ಮೂರು ತಿಂಗಳು ನಿದ್ದೆಗೆಟ್ಟ ನನ್ನ ಹೆಂಡತಿ. ನಿಮಗೆಲ್ಲ ಕೈಮುಗಿಯುತ್ತೇನೆ.

ಇನ್ನೊಬ್ಬರಿದ್ದಾರೆ. ನಾನು ಹುಟ್ಟುವ ಮೊದಲೇ ತೀರಿಕೊಂಡವರು. ಹೆಸರು ಜೋಸೆಫ್ ಎಗ್ಗರ್.

ಆಸ್ಟ್ರಿಯಾದವರು, 1889ರಲ್ಲಿ ಹುಟ್ಟಿದವರು. ಅಲ್ಲಿನ ನಾಟಕ, ಸಿನಿಮಾಗಳಲ್ಲಿ ಜನರನ್ನು ನಗಿಸುತ್ತಿದ್ದರು. ಅವರ ಗಡ್ಡ ಎಷ್ಟು ಫೇಮಸ್ ಅಂದರೆ 'ಬಾರ್ಟ್ ಎಗ್ಗರ್' ಅಂತಲೇ ಕರೆಯುತ್ತಿದ್ದರು. ಜರ್ಮನ್‌ನಲ್ಲಿ ಬಾರ್ಟ್ ಅಂದರೆ ಗಡ್ಡ. ವಯಸ್ಸು ಎಪ್ಪತ್ತೈದರ ಹತ್ತಿರ ಬಂದಾಗ ಇಟಲಿಯ ನಿರ್ದೇಶಕ ಸೆರ್ಜಿಯೋ ಲಿಯೋನೆ ಶೂಟಿಂಗಿಗೆಂದು ಅವರನ್ನು ಸ್ಪೇನಿನ ಧೂಳಿಗೆ ಕರೆತಂದರು. ಲಿಯೋನೆಯ ವೆಸ್ಟರ್ನ್‌ಗಳಲ್ಲಿ, ಅಂದರೆ ಕೌಬಾಯ್ ಸಿನಿಮಾಗಳಲ್ಲಿ, ಅವರು ಮಾಡಿದ್ದು ಎರಡೇ. 1964ರ 'ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್', 1965ರ 'ಫಾರ್ ಎ ಫ್ಯೂ ಡಾಲರ್ಸ್ ಮೋರ್'. 1966ರಲ್ಲಿ ಹೋಗಿಬಿಟ್ಟರು. ಮೊದಲನೆಯದರ ಟೈಟಲ್ ಕಾರ್ಡಿನಲ್ಲಿ ಅವರ ಹೆಸರೂ ಸರಿಯಾಗಿಲ್ಲ. ಅಮೆರಿಕದವರಂತೆ ಕಾಣಲಿ ಅಂತ 'ಜೋ ಎಡ್ಜರ್' ಮಾಡಿದ್ದಾರೆ. ಇಂಗ್ಲಿಷ್‌ನಲ್ಲಿ ನಾವು ಕೇಳುವ ದನಿಯೂ ಡಬ್ಬಿಂಗಿನದು. ಉಳಿದಿದ್ದು ಮುಖ, ಗಡ್ಡ, ಕಣ್ಣು. ಅಷ್ಟೇ ಸಾಕಾಯಿತು.

ಎರಡನೇ ಸಿನಿಮಾದಲ್ಲಿ ರೈಲ್ವೆ ಹಳಿ ಪಕ್ಕದ ಗುಡಿಸಲಿನ ಮುದುಕ. ರೈಲು ಬಂದರೆ ಮನೆಯೆಲ್ಲ ಗಡಗಡ ಅಲುಗುತ್ತದೆ, ಆದರೂ ಆತ ಜಾಗ ಬಿಟ್ಟು ಕದಲುವವನಲ್ಲ. ಹೊಲಿಗೆ ಹಾಕಿದ ಎದೆಗೆ ದಿಂಬು ಒತ್ತಿ ಹಿಡಿದುಕೊಂಡು ನಾನು ಮನಸಾರೆ ನಕ್ಕಿದ್ದು ಅದನ್ನು ನೋಡಿಯೇ. ಆಪರೇಷನ್ ಆದಮೇಲೆ ಅದೇ ಮೊದಲ ನಗು.

ನನಗೆ ಜಾಸ್ತಿ ಇಷ್ಟ ಮಾತ್ರ ಮೊದಲನೆಯದರ ಪಿರಿಪೆರೋ. ಹೆಣದ ಪೆಟ್ಟಿಗೆ ಮಾಡುವವನು. ಗುಂಡೇಟು ಹೆಚ್ಚಾದಷ್ಟೂ ಅವನಿಗೆ ವ್ಯಾಪಾರ. ಹೀರೋ ಕ್ಲಿಂಟ್ ಈಸ್ಟ್‌ವುಡ್ ಮೂರು ಪೆಟ್ಟಿಗೆ ರೆಡಿ ಮಾಡು ಅಂತ ಹೇಳಿ ಹೋಗಿ, ವಾಪಸ್ ಬಂದು ನಾಲ್ಕು ಅಂತ ತಿದ್ದುವುದು ಇವನಿಗೇ. ಅದೇ ಈಸ್ಟ್‌ವುಡ್ ಏಟು ತಿಂದು, ಮುಖ ಊದಿ, ತೆವಳಿಕೊಂಡು ಬಂದಾಗ ಈ ಮುದುಕ ಏನು ಮಾಡುತ್ತಾನೆ ಗೊತ್ತಾ? ಹೊಸ ಪೆಟ್ಟಿಗೆಯೊಳಗೆ ಮಲಗಿಸಿ, ವೈರಿಗಳ ಕಣ್ಣೆದುರೇ ಹೊರಗೆ ಸಾಗಿಸುತ್ತಾನೆ. ಸತ್ತವರಿಗೆಂದು ಮಾಡಿದ ಪೆಟ್ಟಿಗೆ. ಒಳಗಿರುವವನಿಗೆ ಜೀವ ಇದೆ. ದಾರಿಯಲ್ಲಿ ಮುಚ್ಚಳ ಸ್ವಲ್ಪ ಸರಿಸಿ ಹೊರಗೆ ನೋಡುತ್ತಾನೆ.

ಅದನ್ನು ನೋಡುವಾಗ ನನಗೆ ಕೊತ್ತಂಬರಿ ವಾಸನೆ ಬಂತು. ಅವತ್ತು ಅತ್ತುಬಿಟ್ಟೆ.

ಹೋದ ಭಾನುವಾರ ಅಣ್ಣನನ್ನು ಮನೆಗೆ ಕರೆದು ಆ ಸೀನ್ ತೋರಿಸಿದೆ. ಯಾಕೆ ಅಂತ ಹೇಳಲಿಲ್ಲ. ಸುಮ್ನೆ ನೋಡಿದ. ಕಾಫಿ ಲೋಟ ಕೆಳಗಿಟ್ಟು, "ಇನ್ನೊಂದ್ಸಲ ಹಾಕಪ್ಪ" ಅಂದ.