‘ಕರೆಂಟು’ ಕಂತಿನಲ್ಲೇ ಏಕೆ? ಡಾ. ಕೂಟಾರ್ ಕೊಟ್ಟ ಉತ್ತರ

ಮಾನ್ಯ ಸಂಪಾದಕರೇ,

ಬಾಯಿ, ಗಂಟಲು ಕ್ಯಾನ್ಸರಿಗೆ ವಿಕಿರಣ ಚಿಕಿತ್ಸೆ (ಜನರ ಮಾತಿನಲ್ಲಿ ‘ಕರೆಂಟು’) ನಿಗದಿಯಾದ ಕೂಡಲೇ ರೋಗಿಯ ಮನೆಯವರು ಕೇಳುವುದು ಒಂದೇ: ‘ಏಳು ವಾರ ಓಡಾಡಿಸುವ ಬದಲು ಅಷ್ಟೂ ಕರೆಂಟನ್ನು ಒಂದೆರಡು ದಿನದಲ್ಲಿ ಕೊಟ್ಟು ಮುಗಿಸಬಾರದೇ?’ ನ್ಯಾಯವಾದ ಪ್ರಶ್ನೆಯೇ. ನೂರು ವರ್ಷದ ಹಿಂದೆ ಯುರೋಪಿನ ಹೆಸರಾಂತ ವೈದ್ಯರಲ್ಲೂ ಅನೇಕರು ಹಾಗೆಯೇ ಕೊಡುತ್ತಿದ್ದರು. ಅದಕ್ಕಿಂತ ಒಳ್ಳೆಯ ದಾರಿ ಇದೆಯೆಂದು ರೋಗಿಗಳನ್ನು ಗುಣಪಡಿಸಿಯೇ ತೋರಿಸಿದವರು ಫ್ರಾನ್ಸಿನ ಡಾ. ಹೆನ್ರಿ ಕೂಟಾರ್. ಕ್ಯಾನ್ಸರ್ ಕುರಿತ ಲೇಖನಗಳಲ್ಲಿ ಮೇರಿ ಕ್ಯೂರಿಯವರ ಹೆಸರು ತಪ್ಪದೆ ಬರುತ್ತದೆ, ಇವರದು ಬರುವುದೇ ಅಪರೂಪ.

1876ರಲ್ಲಿ ಹುಟ್ಟಿದ ಕೂಟಾರ್ ಮೊದಲ ಮಹಾಯುದ್ಧದ ನಂತರ ಪ್ಯಾರಿಸ್ಸಿನ ರೇಡಿಯಂ ಸಂಸ್ಥೆ ಸೇರಿದರು. ಅಲ್ಲಿ ವಿಜ್ಞಾನಿ ಕ್ಲಾಡಿಯಸ್ ರೆಗೋ ಟಗರಿನ ವೃಷಣಕ್ಕೆ ಎಕ್ಸ್-ರೇ ಕೊಟ್ಟು ಪ್ರಯೋಗ ನಡೆಸುತ್ತಿದ್ದರು. ಒಂದೇ ಸಲಕ್ಕೆ ಕೊಟ್ಟರೆ, ವೀರ್ಯಾಣು ಹುಟ್ಟಿಸುವ ಕೋಶಗಳು ಸಾಯುವಷ್ಟರಲ್ಲಿ ಮೇಲಿನ ಚರ್ಮ ಬೆಂದು ಹುಣ್ಣಾಗುತ್ತಿತ್ತು. ಅದನ್ನೇ ಹಲವು ದಿನಕ್ಕೆ ಹಂಚಿದರೆ ಕೋಶಗಳು ಸಾಯುತ್ತಿದ್ದವು, ಚರ್ಮ ಉಳಿಯುತ್ತಿತ್ತು. ಬಿಡುವಿಲ್ಲದೆ ಒಡೆದು ಬೆಳೆಯುವ ಆ ಕೋಶಗಳು ಕ್ಯಾನ್ಸರ್ ಗಡ್ಡೆಯಂತೆ. ಚರ್ಮವೋ, ಗಡ್ಡೆಯ ಸುತ್ತಲಿನ ಆರೋಗ್ಯವಂತ ಭಾಗದಂತೆ.

ಕೂಟಾರ್ ಇದನ್ನು ಮನುಷ್ಯರ ಗಂಟಲಿಗೆ ತಂದರು. ಅವರ ಯಂತ್ರ ಸುಮಾರು 200 ಕಿಲೋವೋಲ್ಟಿನದು. ಆ ಕಿರಣದ ಪೆಟ್ಟು ಚರ್ಮಕ್ಕೇ ಹೆಚ್ಚು, ಒಳಕ್ಕೆ ಹೋದಂತೆಲ್ಲ ಕಡಿಮೆ. ಹಾಗಾಗಿ ಲೋಹದ ತೆಳು ಹಾಳೆಗಳನ್ನು ಅಡ್ಡ ಇಟ್ಟು ಚರ್ಮದಲ್ಲೇ ನಿಂತುಬಿಡುವ ದುರ್ಬಲ ಕಿರಣಗಳನ್ನು ಸೋಸಿ ತೆಗೆದರು. ನಿಧಾನ ಗತಿಯಲ್ಲಿ, ದಿನವೂ ದೀರ್ಘ ಹೊತ್ತು, ವಾರಗಟ್ಟಲೆ ಕೊಟ್ಟರು. ಡೋಸ್ ಅಳೆಯುವ ಉಪಕರಣಗಳು ಆಗಿನ್ನೂ ಪಳಗಿರಲಿಲ್ಲ. ರೋಗಿಯ ಗಂಟಲೇ ಅವರಿಗೆ ಅಳತೆಗೋಲು. ಎರಡನೆಯ ವಾರ ಮುಗಿಯುವ ಹೊತ್ತಿಗೆ ಒಳಗಿನ ಲೋಳೆಪದರದ ಮೇಲೆ ಬಿಳಿಯ ಪೊರೆ ಕಟ್ಟುತ್ತದೆ, ನಾಲ್ಕನೆಯ ವಾರದ ಸುಮಾರಿಗೆ ಕತ್ತಿನ ಚರ್ಮ ಕೆಂಪಾಗಿ ಸುಲಿಯುತ್ತದೆ, ಎರಡೂ ಮಾಯುತ್ತವೆ ಎಂದು ದಿನ ಎಣಿಸಿ ಬರೆದಿಟ್ಟರು. 1922ರಲ್ಲಿ, ಮುಂದುವರಿದ ಧ್ವನಿಪೆಟ್ಟಿಗೆ ಕ್ಯಾನ್ಸರಿನಿಂದ ಗುಣವಾದವರ ವಿವರವನ್ನು ಪ್ಯಾರಿಸ್ಸಿನ ಸಮ್ಮೇಳನದ ಮುಂದಿಟ್ಟರು. ಧ್ವನಿಪೆಟ್ಟಿಗೆಯನ್ನೇ ತೆಗೆಸಿಕೊಂಡು ಮಾತು ಕಳೆದುಕೊಳ್ಳುತ್ತಿದ್ದ ಕಾಲವದು. ಆಮೇಲೆ ಅಮೆರಿಕಕ್ಕೆ ಹೋಗಿ ಷಿಕಾಗೊ, ಕೊಲರಾಡೊ ಸ್ಪ್ರಿಂಗ್ಸ್‌ಗಳಲ್ಲಿ ಕೆಲಸ ಮಾಡಿದ ಅವರು 1950ರಲ್ಲಿ ಫ್ರಾನ್ಸಿನಲ್ಲಿ ತೀರಿಕೊಂಡರು.

ಅವರು ಕಂಡ ಆ ಬಿಳಿಯ ಪೊರೆಯೇ ಇಂದು ನಮ್ಮಲ್ಲಿ ಚಿಕಿತ್ಸೆ ಅರ್ಧಕ್ಕೆ ನಿಲ್ಲಲು ಕಾರಣವಾಗುತ್ತಿದೆ. ಈಗ ಸಾಮಾನ್ಯವಾಗಿ ದಿನಕ್ಕೆ 2 ಗ್ರೇ (ದೇಹ ಹೀರಿಕೊಂಡ ವಿಕಿರಣದ ಅಳತೆ), ವಾರಕ್ಕೆ 5 ದಿನ, ಒಟ್ಟು 35 ಕಂತಿನಲ್ಲಿ 70 ಗ್ರೇ. ಮೂರನೆಯ ವಾರ ಬಾಯಿ ಹುಣ್ಣಾಗಿ ಗಂಜಿಯೂ ಇಳಿಯದಾದಾಗ ‘ಕರೆಂಟು ಜಾಸ್ತಿಯಾಯಿತು, ಸುಟ್ಟುಬಿಟ್ಟರು’ ಎಂದು ರೋಗಿಗಳು ಊರಿಗೆ ಹೊರಡುತ್ತಾರೆ. ಹತ್ತು ದಿನ ಬಿಟ್ಟು ಹುಣ್ಣು ಮಾಯ್ದ ಮೇಲೆ ಬರುತ್ತಾರೆ. ಬಿಡುವು ಸಿಕ್ಕಿದ್ದು ಹುಣ್ಣಿಗೆ ಮಾತ್ರವಲ್ಲ, ಗಡ್ಡೆಗೂ. ನಾಲ್ಕನೆಯ ವಾರದ ಸುಮಾರಿಗೆ ಅಳಿದುಳಿದ ಕ್ಯಾನ್ಸರ್ ಕೋಶಗಳು ಮೊದಲಿಗಿಂತ ವೇಗವಾಗಿ ಒಡೆಯತೊಡಗುತ್ತವೆ. ಚಿಕಿತ್ಸೆ ಒಂದು ದಿನ ಲಂಬಿಸಿದರೆ ಗಡ್ಡೆ ಹತೋಟಿಗೆ ಬರುವ ಸಾಧ್ಯತೆ ಸುಮಾರು ಶೇ. 1ರಷ್ಟು ಇಳಿಯುತ್ತದೆ. (ಸ್ತನ ಕ್ಯಾನ್ಸರಿಗೆ 15 ಕಂತು, ಮಿದುಳಿನ ಪುಟ್ಟ ಗಡ್ಡೆಗೆ ಒಂದೇ ಕಂತು ಎಂಬುದೂ ಉಂಟು; ಅಲ್ಲಿನ ಲೆಕ್ಕ ಬೇರೆ. ಗಂಟಲಿನವರು ಅದಕ್ಕೆ ಹೋಲಿಸಿಕೊಳ್ಳಬಾರದು.)

ಹುಣ್ಣನ್ನು ತಾಳಿಕೊಳ್ಳುವ ತಯಾರಿ ಮೊದಲ ದಿನಕ್ಕೂ ಮುಂಚೆ ಆಗಬೇಕು. ಉಳಿಸಲಾಗದ ಹುಳುಕು ಹಲ್ಲುಗಳನ್ನು ಕೀಳಿಸಿ, ಗಾಯ ಮಾಯಲು ಎರಡು ವಾರ ಕೊಡಬೇಕು. ವಿಕಿರಣ ಬಿದ್ದ ದವಡೆಯಲ್ಲಿ ಆಮೇಲೆ ಹಲ್ಲು ಕಿತ್ತರೆ ಮೂಳೆಯೇ ಕೊಳೆಯಬಹುದು. ಒಂದು ಲೀಟರ್ ನೀರಿಗೆ ಒಂದು ಚಮಚ ಉಪ್ಪು, ಒಂದು ಚಮಚ ಅಡುಗೆ ಸೋಡಾ ಬೆರೆಸಿ ದಿನಕ್ಕೆ ಐದಾರು ಸಲ ಬಾಯಿ ಮುಕ್ಕಳಿಸಬೇಕು. ಎಲೆಅಡಿಕೆ, ತಂಬಾಕು, ಖಾರ ಪೂರ್ತಿ ಬಂದ್. ನುಂಗಲಾಗದಿದ್ದರೆ ಮೂಗಿನ ಮೂಲಕ ಆಹಾರ ಕೊಡುವ ನಳಿಕೆಯನ್ನು ನಿರಾಕರಿಸಬೇಡಿ. ತೂಕ ಇಳಿದರೆ, ತಲೆ ಅಲುಗದಂತೆ ಮುಖದ ಅಚ್ಚಿಗೆ ಮಾಡಿದ ಪ್ಲಾಸ್ಟಿಕ್ ಮಾಸ್ಕ್ ಸಡಿಲವಾಗುತ್ತದೆ. ಕೆಲವು ಮಿಲಿಮೀಟರ್ ಜರುಗಿದರೂ ಕಿರಣ ಗುರಿ ತಪ್ಪುತ್ತದೆ. ಆಗ ಹೊಸ ಮಾಸ್ಕ್, ಹೊಸ ಸ್ಕ್ಯಾನ್, ಮತ್ತೆರಡು ದಿನ ನಷ್ಟ.

ಆರೋಗ್ಯ ಪುಟದಲ್ಲಿ ಇಷ್ಟನ್ನಾದರೂ ಹಬ್ಬಗಳ ಮುಂಚೆ ಪ್ರಕಟಿಸಬೇಕೆಂದು ಕೋರುತ್ತೇವೆ. ಊರಿಗೆ ಹೋಗಲೇಬೇಕಾದ ರೋಗಿಗಳು ವಾರ ಮೊದಲೇ ವಿಭಾಗಕ್ಕೆ ತಿಳಿಸಲಿ. ತಪ್ಪುವ ಕಂತನ್ನು ಶನಿವಾರ ಕೊಡಬಹುದು, ಇಲ್ಲವೇ ಒಂದೇ ದಿನ ಕನಿಷ್ಠ 6 ಗಂಟೆ ಅಂತರದಲ್ಲಿ ಎರಡು ಕಂತು ಕೊಡಬಹುದು. ಹೋಗಿಬಂದ ಮೇಲೆ ಹೇಳಿದರೆ ಈ ದಾರಿಗಳು ಕಿರಿದಾಗುತ್ತವೆ.

– ವಿಕಿರಣ ಚಿಕಿತ್ಸಾ ವಿಭಾಗದ ಸಿಬ್ಬಂದಿ, ಬೆಂಗಳೂರು