ನಮ್ಮ ಹೊಲಕ್ಕೂ ಅಮೆರಿಕ ಬಂದಿತ್ತು, ಪುಟ್ಟಿ

ಜಗಳೂರು ತಾಲ್ಲೂಕು, ದಾವಣಗೆರೆ ಜಿಲ್ಲೆ
ನವೆಂಬರ್ 2025

ಪುಟ್ಟಿ,

ಫೋನ್ ಮಾಡಿದರೆ "ಆಮೇಲೆ ಮಾಡ್ತೀನಿ ಅವ್ವ" ಅಂತ ಇಟ್ಟುಬಿಡುತ್ತೀಯ. ಅದಕ್ಕೇ ಬರೆಯುತ್ತಿದ್ದೇನೆ. ಕಾಗದ ಆದರೆ ಕೊನೆವರೆಗೂ ಓದುತ್ತೀಯ ಅನ್ನೋ ನಂಬಿಕೆ ನನಗೆ.

ದೀಪಾವಳಿ ರಾತ್ರಿ ಏನೇನಾಯಿತು ಅಂತ ಮತ್ತೆ ಹೇಳಲ್ಲ. ಇಬ್ಬರಿಗೂ ನೆನಪಿದೆ. ನಾನು ಅಷ್ಟು ದನಿ ಏರಿಸಬಾರದಿತ್ತು. ಆದರೆ ನೀನಂದ ಒಂದು ಮಾತು ಮಾತ್ರ ಮನಸ್ಸಿನಿಂದ ಹೋಗುತ್ತಿಲ್ಲ. "ಅಮೆರಿಕದಲ್ಲಿ ಯಾರೋ ಸಹಿ ಹಾಕಿದ್ರೆ ಇಲ್ಲಿ ನನ್ನ ಕೆಲಸ ಹೋಗುತ್ತೆ. ಅದಕ್ಕೆ ನಾನೇನು ಮಾಡ್ಲಿ? ಇದು ನಿನ್ನ ಹೊಲದ ಹಾಗಲ್ಲ ಅವ್ವ, ಬೆಳಗ್ಗೆ ಎದ್ದು ದುಡಿದ್ರೆ ಸರಿಹೋಗೋಕೆ."

ಕೆಲಸ ಹೋದದ್ದು ನಿನ್ನ ತಪ್ಪಲ್ಲ ಅಂತ ನನಗೆ ಗೊತ್ತು. ನಾನೂ ಪೇಪರ್ ಓದುತ್ತೇನೆ. ಆಗಸ್ಟ್‌ನಲ್ಲಿ ಅಮೆರಿಕದವರು ನಮ್ಮ ಸರಕಿನ ಮೇಲೆ ಮೊದಲು 25 ಪರ್ಸೆಂಟ್ ಸುಂಕ ಹಾಕಿದರು. ನಾವು ರಷ್ಯಾದ ಎಣ್ಣೆ ಕೊಳ್ಳುತ್ತೇವೆ ಅಂತ 27ನೇ ತಾರೀಖಿನಿಂದ ಇನ್ನೊಂದು 25 ಸೇರಿಸಿದರು. ಒಟ್ಟು 50. ಅಷ್ಟು ಸುಂಕ ಕಟ್ಟಿ ನಮ್ಮ ಅಂಗಿ ಯಾರು ತಗೊಳ್ತಾರೆ? ಬಟ್ಟೆ ಹೊಲಿಯೋ ಊರು ತಿರುಪ್ಪೂರಿನಲ್ಲಿ ಆರ್ಡರ್ ನಿಂತಿತು ಅಂತ ಓದಿದಾಗಲೇ, ಗಾರ್ಮೆಂಟ್ಸ್ ಕೆಲಸದಲ್ಲಿದ್ದ ನಿನ್ನ ನೆನಪಾಯಿತು. ಕೇಳಿದರೆ "ನಮ್ಮಲ್ಲಿ ಏನೂ ಇಲ್ಲ, ಆರಾಮಿದೀನಿ" ಅಂದೆ. ಆ ಹೊತ್ತಿಗಾಗಲೇ ನಿನ್ನನ್ನು ಬಿಡಿಸಿಯಾಗಿತ್ತು ಅಂತ ನಿನ್ನ ರೂಮಿನ ಹುಡುಗಿಯ ಬಾಯಿಂದ ತಿಳಿಯಬೇಕಾಯಿತು.

ಇರಲಿ. ಹೊಲದ ಮಾತಿಗೆ ಬರುತ್ತೇನೆ. ಹೊಲದ ಹಾಗಲ್ಲ ಅಂದೆಯಲ್ಲ, ಅದನ್ನು ಮಾತ್ರ ನಾನು ಒಪ್ಪಲ್ಲ.

2018ರಲ್ಲಿ ನೀನು ದಾವಣಗೆರೆ ಹಾಸ್ಟೆಲ್‌ನಲ್ಲಿದ್ದೆ, ಎರಡನೇ ಪಿಯುಸಿ. ಆ ಮುಂಗಾರಿನದ್ದು ನಿನಗೆ ಅರ್ಧಂಬರ್ಧ ಗೊತ್ತು. ಹುಳ ಬಿದ್ದಿತ್ತು ಅಂತ ಹೇಳಿದ್ದೆವು, ಅಷ್ಟೇ.

ಜೂನ್‌ನಲ್ಲಿ ಮೆಕ್ಕೆಜೋಳ ಬಿತ್ತಿದ್ದೆವು. ಹದವಾದ ಮಳೆ. ಪೈರು ಮೊಣಕಾಲುದ್ದ ಬಂದಾಗ ಒಂದು ಬೆಳಗ್ಗೆ ಕಳೆ ತೆಗೆಯೋಕೆ ಹೋದೆ. ಎಲೆ ಮೇಲೆ ಉಗುರಿನಲ್ಲಿ ಕೆರೆದ ಹಾಗೆ ಬಿಳಿ ಗುರುತು. ಪಕ್ಕದ ಗಿಡದಲ್ಲಿ ಎಲೆ ಬಿಚ್ಚಿಕೊಂಡಿತ್ತು, ಅದರಲ್ಲಿ ಅಡ್ಡಕ್ಕೆ ಸಾಲಾಗಿ ತೂತು. ಸುಳಿ ಬಿಡಿಸಿ ನೋಡಿದರೆ ಒಳಗೆ ಮರದ ಹೊಟ್ಟಿನಂಥ ಒದ್ದೆ ಹಿಕ್ಕೆ. ಅದರ ಕೆಳಗೆ ಹುಳ. ತಲೆ ಮೇಲೆ ಇಂಗ್ಲಿಷ್ ವೈ ಅಕ್ಷರ ತಿರುಗುಮುರುಗಾಗಿ ಬರೆದ ಹಾಗಿತ್ತು. ಬಾಲದ ಹತ್ತಿರ ಚೌಕಕ್ಕೆ ನಾಲ್ಕು ಕಪ್ಪು ಚುಕ್ಕೆ. ಹುಟ್ಟಿದಾಗಿನಿಂದ ಹೊಲ ನೋಡಿದವಳು ನಾನು. ಅಂಥ ಹುಳ ನೋಡಿರಲಿಲ್ಲ.

ಮನೆಗೆ ಬಂದು ನಿಮ್ಮಪ್ಪನಿಗೆ ಹೇಳಿದೆ. ಅವರು ಅಂಗಡಿಯಿಂದ ಔಷಧಿ ತಂದು ಹೊಡೆದರು. ಹುಳ ಸುಳಿಯೊಳಗೆ ಕೂತಿರುತ್ತೆ, ಮೇಲೆ ಹೊಡೆದದ್ದು ಅದಕ್ಕೆ ತಾಗೋದೇ ಇಲ್ಲ. ಇನ್ನೊಂದು ಔಷಧಿ ತಂದರು. ಅದೂ ಅಷ್ಟೇ. ದುಡ್ಡು ಹೋಯಿತು.

ಇದೆಲ್ಲ ಆಗುವಾಗ ಊರಲ್ಲಿ ಯಾರೂ ಬಾಯಿ ಬಿಡಲಿಲ್ಲ ಪುಟ್ಟಿ. ಎಲ್ಲರೂ ತಮ್ಮ ಹೊಲಕ್ಕೆ ಮಾತ್ರ ಬಂದಿದೆ ಅಂದುಕೊಂಡಿದ್ದರು. ಕೆಟ್ಟ ಬೀಜ ತಂದೆವೇನೋ, ಗೊಬ್ಬರ ಜಾಸ್ತಿ ಆಯಿತೇನೋ, ಯಾರ ಕಣ್ಣು ಬಿತ್ತೋ ಅಂತ ಒಳಗೊಳಗೇ ಒದ್ದಾಟ. ನೀರಿಗೆ ಹೋದಾಗ ಹೆಂಗಸರು "ಬೆಳೆ ಹೆಂಗಿದೆ" ಅಂತ ಕೇಳಿದರೆ "ಚೆನ್ನಾಗಿದೆ" ಅಂತಿದ್ದೆ. ಅವರೂ ಹಾಗೇ ಅಂತಿದ್ದರು. ಸಾಲ ಕೊಟ್ಟವರ ಕಿವಿಗೆ ಬಿದ್ದರೆ ಅನ್ನೋ ಭಯ ಬೇರೆ. ಅಷ್ಟರಲ್ಲಿ ಸಾಲಿನಿಂದ ಸಾಲಿಗೆ ಹರಡಿತು.

ಕೊನೆಗೆ ನಿಮ್ಮಪ್ಪ ಒಂದು ಸಂಜೆ ಗಿಡಗಳನ್ನು ಬೇರು ಸಮೇತ ಕಿತ್ತು, ಗೊಬ್ಬರದ ಚೀಲಕ್ಕೆ ತುಂಬಿಕೊಂಡು ಹೋಗಿ ಅರಳಿಕಟ್ಟೆ ಮೇಲೆ ಹರವಿದರು. ಜಾಸ್ತಿ ಮಾತಾಡೋ ಮನುಷ್ಯ ಅಲ್ಲ ಅಂತ ನಿನಗೇ ಗೊತ್ತು. "ನನ್ನ ಹೊಲದಾಗೆ ಇದು ಬಿದ್ದೈತೆ. ನಿಮ್ಮ ಹೊಲದಾಗೂ ಐತೇನು?" ಅಂದರು. ಸ್ವಲ್ಪ ಹೊತ್ತು ಯಾರೂ ಉಸಿರೆತ್ತಲಿಲ್ಲವಂತೆ. ಆಮೇಲೆ ಒಬ್ಬರು "ನಮ್ಮಲ್ಲೂ ಐತೆ" ಅಂದರು. ಇನ್ನೊಬ್ಬರು ಅಂದರು. ಕಟ್ಟೆ ಮೇಲಿದ್ದ ಅಷ್ಟೂ ಜನ ಅಂದರು.

ನಾನು ಅಲ್ಲಿರಲಿಲ್ಲ. ಮನೆಗೆ ಬಂದು ಹೇಳಿದರು. ಆದರೂ ಆ ಕಟ್ಟೆ, ಆ ಚೀಲ, ಮಣ್ಣು ಮೆತ್ತಿದ ಬೇರು ಎಲ್ಲ ನಾನೇ ನೋಡಿದ ಹಾಗಿದೆ. ನಿಮ್ಮಪ್ಪನ ಮೇಲೆ ನನಗೆ ಎಷ್ಟೋ ಸಿಟ್ಟಿದೆ. ಅವತ್ತಿನ ಆ ಒಂದು ಕೆಲಸಕ್ಕೆ ಎಲ್ಲವನ್ನೂ ಬಿಟ್ಟುಕೊಟ್ಟಿದ್ದೇನೆ.

ಮಾರನೇ ದಿನ ಎಲ್ಲ ಸೇರಿ ರೈತ ಸಂಪರ್ಕ ಕೇಂದ್ರಕ್ಕೆ ಹೋದರು. ಅಧಿಕಾರಿ ಹೊಲಕ್ಕೇ ಬಂದು ನೋಡಿದರು. ಇದು ಫಾಲ್ ಸೈನಿಕ ಹುಳ, ನಮ್ಮ ದೇಶದ್ದೇ ಅಲ್ಲ ಅಂದರು. ಹುಟ್ಟೂರು ಅಮೆರಿಕ ಖಂಡ. 2016ರಲ್ಲಿ ಆಫ್ರಿಕಾದಲ್ಲಿ ಕಾಣಿಸಿಕೊಂಡಿತು. 2018ರಲ್ಲಿ ಇಂಡಿಯಾಕ್ಕೆ ಬಂತು, ಮೊದಲು ಸಿಕ್ಕಿದ್ದು ನಮ್ಮ ಕರ್ನಾಟಕದಲ್ಲೇ, ಶಿವಮೊಗ್ಗದ ಕಡೆ. ಇದರ ಚಿಟ್ಟೆ ಒಂದೇ ರಾತ್ರಿ 100 ಕಿಲೋಮೀಟರ್ ಹಾರಬಲ್ಲದಂತೆ. ಒಂದು ಹೆಣ್ಣು ಸಾವಿರಕ್ಕೂ ಮೇಲೆ ಮೊಟ್ಟೆ ಇಡುತ್ತಂತೆ. ನಮ್ಮಿಂದ ಮುಂದೆ ಚೀನಾಕ್ಕೂ ಹೋಯಿತು, ಆಸ್ಟ್ರೇಲಿಯಾಕ್ಕೂ ಹೋಯಿತು ಅಂತ ಆಮೇಲೆ ಓದಿದೆ.

ಅದನ್ನು ಕೇಳಿ ಬದುವಿನ ಮೇಲೆ ಕೂತುಬಿಟ್ಟೆ. ಎಲ್ಲಿಯ ಅಮೆರಿಕ, ಎಲ್ಲಿಯ ನಮ್ಮ ಹೊಲ! ನಾನು ಅದಕ್ಕೇನು ಮಾಡಲಿ ಅಂತ, ನೀನಂದ ಮಾತನ್ನೇ ಅವತ್ತು ನಾನೂ ಅಂದುಕೊಂಡಿದ್ದೆ. ನಿನಗೆ ಏನೂ ಅರ್ಥವಾಗಲ್ಲ ಅನ್ನಬೇಡ. ಅರ್ಥವಾಗುತ್ತೆ.

ಆಮೇಲೆ ಏನು ಮಾಡಿದೆವು ಅಂದರೆ, ಬೆಳಕು ಹರಿಯೋ ಮುಂಚೆ ಹೊಲಕ್ಕೆ ಹೋಗಿ ಒಂದೊಂದೇ ಗಿಡ ನೋಡಿದೆವು. ಎಲೆ ಹಿಂದೆ ಮೊಟ್ಟೆ ಗುಂಪಾಗಿ ಇರುತ್ತೆ, ಮೇಲೆ ಬೂದುಬಣ್ಣದ ನವಿರು ಹೊದ್ದುಕೊಂಡು. ಅದನ್ನು ಹೆಬ್ಬೆರಳಲ್ಲಿ ಒರೆಸಿ ಹಾಕಬೇಕು. ಸುಳಿಯಲ್ಲಿ ಹುಳ ಇದ್ದರೆ ಹಿಡಿದು ಹೊಸಕಬೇಕು. ತೌಡಿಗೆ ಬೆಲ್ಲದ ನೀರು ಹಾಕಿ ಒಂದು ದಿನ ಹುಳಿ ಬರಿಸಿ, ಆಮೇಲೆ ಅಧಿಕಾರಿ ಹೇಳಿದ ಔಷಧಿ ಬೆರೆಸಿ, ಗಿಡಗಿಡದ ಸುಳಿಗೂ ಚಿಟಿಕೆ ಚಿಟಿಕೆ ಬಿಟ್ಟೆವು. ಮೆಕ್ಕೆಜೋಳದ ಎಲೆ ಅಂಚು ಕೈ ಕುಯ್ಯುತ್ತೆ. ಹಳೇ ಸಾಕ್ಸ್‌ನ ತುದಿ ಕತ್ತರಿಸಿ ಮೊಣಕೈವರೆಗೆ ಹಾಕಿಕೊಂಡಿದ್ದೆ. ರಾತ್ರಿ ಬಿಸಿನೀರು ಬಿದ್ದರೆ ಉರಿ. ಒಬ್ಬರು ಮಾಡಿ ಇನ್ನೊಬ್ಬರು ಬಿಟ್ಟರೆ ಪ್ರಯೋಜನ ಇಲ್ಲ, ಪಕ್ಕದ ಹೊಲದ ಚಿಟ್ಟೆ ಮತ್ತೆ ಬಂದು ಮೊಟ್ಟೆ ಇಡುತ್ತೆ. ಹಾಗಾಗಿ ನಮ್ಮ ದಿಕ್ಕಿನ ಹೊಲದವರೆಲ್ಲ ಒಂದೇ ವಾರದಲ್ಲಿ ಮಾಡಿದರು. ಮಾತು ಬಿಟ್ಟಿದ್ದ ಅಣ್ಣತಮ್ಮಂದಿರೂ ಮಾಡಿದರು.

ಗೆದ್ದೆವು ಅಂತ ಹೇಳಲ್ಲ. ಒಳ್ಳೆ ವರ್ಷದಷ್ಟು ಇಳುವರಿ ಬರಲಿಲ್ಲ. ಸಾಲ ಪೂರ್ತಿ ತೀರಲಿಲ್ಲ. ಮುಂದಿನ ಮುಂಗಾರಿಗೆ ಬೀಜ ಗೊಬ್ಬರಕ್ಕೆ ಕೈಯಲ್ಲಿ ದುಡ್ಡಿತ್ತು, ನಿನ್ನ ಫೀಸು ಕಟ್ಟಿದೆವು. ಹುಳ ಇನ್ನೂ ಇದೆ. ಪ್ರತಿ ವರ್ಷ ಬರುತ್ತೆ. ಈಗ ಯಾರೂ ಮುಚ್ಚಿಡಲ್ಲ. ಮೊದಲ ಮೊಟ್ಟೆ ಕಂಡವರು ಸಂಜೆಗೇ ಕಟ್ಟೆ ಮೇಲೆ ಹೇಳುತ್ತಾರೆ.

2023ರ ಬರ ನೀನೇ ನೋಡಿದ್ದೀಯ. ರಾಜ್ಯದ 236 ತಾಲ್ಲೂಕಿನಲ್ಲಿ 223 ಬರಪೀಡಿತ ಆದ ವರ್ಷ. ಅದರ ಬಗ್ಗೆ ಬರೆಯಲ್ಲ.

ಈ ವರ್ಷದ್ದು ಹೇಳುತ್ತೇನೆ. ಮೆಕ್ಕೆಜೋಳ ಚೆನ್ನಾಗಿ ಬಂದಿದೆ. ರೇಟು ಬಿದ್ದಿದೆ. ಸರ್ಕಾರದ ಬೆಂಬಲ ಬೆಲೆ ಕ್ವಿಂಟಾಲಿಗೆ 2,400. ಮಾರ್ಕೆಟ್‌ನಲ್ಲಿ 1,600, 1,700, ಜಾಸ್ತಿ ಅಂದರೆ 1,800 ಕೇಳುತ್ತಾರೆ. ಹಾವೇರಿ, ಗದಗದ ಕಡೆ ರೈತರು ಬೀದಿಗಿಳಿದಿದ್ದಾರೆ. ಹೊರದೇಶದ ಜೋಳದಿಂದ ರೇಟು ಬಿತ್ತು ಅಂತ ಒಬ್ಬರು, ಎಥೆನಾಲ್ ಫ್ಯಾಕ್ಟರಿಯವರು ಕೊಳ್ಳುತ್ತಿಲ್ಲ ಅಂತ ಇನ್ನೊಬ್ಬರು. ನಿನ್ನ ಅಂಗಿಯೂ ನನ್ನ ಜೋಳವೂ ಒಂದೇ ಸಂತೆಯಲ್ಲಿವೆ ಪುಟ್ಟಿ. ನಿಮ್ಮಪ್ಪ ಈಗಲೇ ಮಾರಲ್ಲ ಅಂದಿದ್ದಾರೆ. ಅಂಗಳದಲ್ಲಿ ಒಣಗಿಸುತ್ತಿದ್ದೇವೆ. ತೇವ 14 ಪರ್ಸೆಂಟ್‌ಗೆ ಇಳಿಯಬೇಕು, ಇಲ್ಲದಿದ್ದರೆ ಬೂಷ್ಟು ಹಿಡಿಯುತ್ತೆ. ದಿನಾ ಸಂಜೆ ಒಂದು ಕಾಳು ಹಲ್ಲಲ್ಲಿ ಕಡಿದು ನೋಡುತ್ತಾರೆ. ಕಟಕ್ ಅಂದರೆ ಮುಖ ಅರಳುತ್ತೆ.

ನಿನ್ನ ತಾತನ ಕಥೆಯೂ ಇದೇ ಅಲ್ವಾ. ದಾವಣಗೆರೆಯನ್ನು ಕರ್ನಾಟಕದ ಮ್ಯಾಂಚೆಸ್ಟರ್ ಅಂತಿದ್ದ ಕಾಲದಲ್ಲಿ ಹತ್ತಿ ಗಿರಣಿಯಲ್ಲಿದ್ದವರು. ಗಿರಣಿ ಬಾಗಿಲು ಹಾಕಿದ ಮೇಲೆ ಮಂಡಕ್ಕಿ ಭಟ್ಟಿಯ ಹೊಗೆಯಲ್ಲಿ ದುಡಿದು ನಮ್ಮನ್ನು ಸಾಕಿದರು. ನೀನು ಈ ಸಲ ಬಂದಾಗ ನನ್ನ ಹೊಸ ರವಿಕೆಯನ್ನು ಒಳಮೈ ತಿರುಗಿಸಿ ಹಿಡಿದು, ಇಂಚಿಗೆ ಎಷ್ಟು ಹೊಲಿಗೆ ಬಿದ್ದಿದೆ ಅಂತ ಉಗುರಿನ ತುದಿಯಿಂದ ಎಣಿಸಿ, "ಕಂಕುಳಲ್ಲಿ ಬಿಚ್ಕೊಳ್ಳುತ್ತೆ ಅವ್ವ, ಟೈಲರ್‌ಗೆ ವಾಪಸ್ ಕೊಡು" ಅಂದೆ. ನಿನ್ನ ತಾತನೂ ಬಟ್ಟೆಯನ್ನು ಹಾಗೇ ಬೆಳಕಿಗೆ ಹಿಡಿದು ನೋಡುತ್ತಿದ್ದರು. ಆ ಕಂಪನಿ ನಿನ್ನ ಕೆಲಸ ಕಿತ್ತುಕೊಂಡಿತು. ಆ ಕಣ್ಣು, ಆ ಕೈ ನಿನ್ನ ಹತ್ತಿರವೇ ಇವೆ. ನನಗೆ ನಿನ್ನ ಮೇಲೆ ಎಷ್ಟು ಹೆಮ್ಮೆ ಅಂತ ಅವತ್ತು ಹೇಳಬೇಕು ಅಂತಿದ್ದೆ. ಜಗಳವಾಯಿತು.

ಈಗ ಕೆಲವು ಮಾತು. ಬುದ್ಧಿ ಹೇಳಲ್ಲ ಅಂದುಕೊಂಡೇ ಕೂತೆ, ಆದರೂ ಹೇಳುತ್ತೇನೆ.

ಕಂಪನಿಯಿಂದ ಕೆಲಸ ಬಿಟ್ಟ ಪತ್ರ, ಅನುಭವದ ಪತ್ರ ಬರೆಸಿಕೊಂಡಿದ್ದೀಯಾ? ಇಲ್ಲದಿದ್ದರೆ ನಾಳೆಯೇ ಹೋಗು. ನಾಚಿಕೊಳ್ಳಬೇಡ, ಅದು ನಿನ್ನ ಹಕ್ಕು. ನಿನ್ನ ಸಂಬಳದಲ್ಲಿ ಇಎಸ್‌ಐ ಹಿಡೀತಿದ್ದರು ಅಲ್ವಾ. ಇಎಸ್‌ಐ ಇದ್ದವರ ಕೆಲಸ ಹೋದರೆ ಸರಾಸರಿ ಸಂಬಳದ ಅರ್ಧದಷ್ಟು, 90 ದಿನದವರೆಗೆ ಕೊಡೋ ಯೋಜನೆ ಇದೆ. ಅಟಲ್ ಬೀಮಿತ್ ವ್ಯಕ್ತಿ ಕಲ್ಯಾಣ ಯೋಜನೆ ಅಂತ. ನಿಯಮ ಏನಿದೆ, ನಿನಗೆ ಸಿಗುತ್ತಾ ಅಂತ ಇಎಸ್‌ಐ ಆಫೀಸಿಗೇ ಹೋಗಿ ಕೇಳು. ಪಿಎಫ್ ದುಡ್ಡಿಗೆ ಈಗಲೇ ಕೈ ಹಾಕಬೇಡ. ಮೊಬೈಲ್‌ನಲ್ಲಿ ಸಾಲ ಕೊಡೋ ಆಪ್‌ಗಳ ಹತ್ತಿರ ಸುಳಿಯಬೇಡ. ಒಂದು ಸಲ ತಗೊಂಡರೆ ಫೋನಲ್ಲಿರೋ ನಂಬರಿಗೆಲ್ಲ ಫೋನ್ ಮಾಡಿ ಮಾನ ಕಳೆಯುತ್ತಾರೆ. ಈಗಾಗಲೇ ತಗೊಂಡಿದ್ದರೆ ಹೇಳು, ಬೈಯಲ್ಲ. ನಿನ್ನ ಜೊತೆ ಕೆಲಸ ಕಳಕೊಂಡ ಹುಡುಗಿಯರು ಎಷ್ಟು ಜನ? ಅವರ ಜೊತೆ ಕೂತು ಮಾತಾಡಿದ್ದೀಯಾ? ಒಬ್ಬೊಬ್ಬರೇ ಒಂದೊಂದು ರೂಮಿನಲ್ಲಿ ಬಾಗಿಲು ಹಾಕಿಕೊಂಡು ಕೂರಬೇಡಿ. ಯಾವ ಕಡೆ ಕೆಲಸ ಇದೆ ಅಂತ ಒಬ್ಬರಿಗೆ ಗೊತ್ತಾದರೆ ಇನ್ನೊಬ್ಬರಿಗೂ ಗೊತ್ತಾಗುತ್ತೆ. ಬೆಳಗ್ಗೆ ತಿಂಡಿ ಬಿಡಬೇಡ. ಟೀ ಕುಡಿದು ಮಧ್ಯಾಹ್ನದವರೆಗೆ ಎಳೆಯೋದು ನಿನ್ನ ಅಭ್ಯಾಸ.

ಸೋದರಮಾವ ಸಂಬಂಧದ ಮಾತು ತೆಗೆದಿದ್ದ. "ಕೆಲಸ ಹೋಯ್ತಲ್ಲ, ಮದುವೆ ಮಾಡಿಬಿಡು" ಅಂದ. ಈಗ ಬೇಡ ಅಂದೆ. ಕಷ್ಟ ಬಂತು ಅಂತ ಮದುವೆ ಮಾಡೋಕೆ ನಿನ್ನನ್ನು ಓದಿಸಲಿಲ್ಲ. ನನ್ನ ಬಳೆ ಬ್ಯಾಂಕಿನಲ್ಲೇ ಇರಲಿ, ಅದರ ಚಿಂತೆ ನಿನಗೆ ಬೇಡ.

ಇನ್ನೊಂದು ಇದೆ. ಹೋದ ವಾರ ರಾತ್ರಿ ನಿನ್ನ ಫೋನ್ ಸ್ವಿಚ್ ಆಫ್ ಅಂತ ಬಂತು. ಬೆಳಗ್ಗೆ "ಚಾರ್ಜ್ ಇರಲಿಲ್ಲ" ಅಂದೆ. ನಿಮ್ಮಪ್ಪ ಆ ರಾತ್ರಿ ಪೂರ್ತಿ ಅಂಗಳದಲ್ಲಿ ಜೋಳದ ರಾಶಿ ಪಕ್ಕ ಕೂತಿದ್ದರು. ಕಳ್ಳರ ಕಾಟ ಅಂದರು. ನಮ್ಮೂರಲ್ಲಿ ಜೋಳ ಯಾರೂ ಕದಿಯಲ್ಲ. ಅವರು ಏನು ಯೋಚಿಸಿದರು ಅಂತ ನನಗೆ ಗೊತ್ತು, ನಾನು ಏನು ಯೋಚಿಸಿದೆ ಅಂತ ಅವರಿಗೆ ಗೊತ್ತು. ಅದನ್ನು ಬರೆಯೋಕೆ ನನ್ನ ಕೈ ಬರಲ್ಲ. ಎಂಥ ರಾತ್ರಿ ಆದರೂ, ಎಷ್ಟೇ ಹೊತ್ತಾದರೂ ಫೋನ್ ಮಾಡು. ಮಾತಾಡೋಕೆ ಆಗದಿದ್ದರೆ ಸುಮ್ನೆ ಹಿಡ್ಕೊಂಡಿರು, ನಾನೂ ಹಿಡ್ಕೊಂಡಿರ್ತೀನಿ.

ಊರಿಗೆ ಬಂದುಬಿಡು ಅಂತ ಹೇಳುತ್ತಿಲ್ಲ. ಕೆಲಸ ಹುಡುಕೋದು ಅಲ್ಲೇ ಸುಲಭ, ಗೊತ್ತು. ಆದರೆ ಬರಬೇಕು ಅನ್ನಿಸಿದ ದಿನ ಯೋಚನೆ ಮಾಡಬೇಡ. ಸರ್ಕಾರಿ ಬಸ್ಸಿನಲ್ಲಿ ನಿನಗೆ ಟಿಕೆಟ್ ದುಡ್ಡಿಲ್ಲ, ಆಧಾರ್ ಕಾರ್ಡ್ ಇಟ್ಟುಕೊಂಡರೆ ಆಯಿತು. ಬಂದರೆ ಊರವರು ಏನಂತಾರೆ ಅನ್ನೋದು ನನಗೆ ಬಿಡು. ಕೇಳಿದವರಿಗೆಲ್ಲ ನಾನೇ ಹೇಳಿಬಿಟ್ಟಿದ್ದೇನೆ, ಮಗಳ ಕೆಲಸ ಹೋಗಿದೆ, ಬೇರೆ ಹುಡುಕ್ತಿದಾಳೆ ಅಂತ. ನೀರಿಗೆ ಹೋದಾಗ ಹೇಳಿದೆ. ಇಬ್ಬರು ತಮ್ಮ ಮಕ್ಕಳದ್ದೂ ಹೋಗಿದೆ ಅಂದರು. ಒಬ್ಬರ ಮಗ ಪೀಣ್ಯದಲ್ಲಿ ಬೇರೆ ಕಡೆ ಸೇರಿದ್ದಾನಂತೆ, ನಂಬರ್ ಕೊಟ್ಟಿದ್ದಾರೆ. ಚೀಟಿಯಲ್ಲಿ ಬರೆದು ಇದರ ಜೊತೆ ಇಟ್ಟಿದ್ದೇನೆ. ಫೋನ್ ಮಾಡು, ಸಂಕೋಚ ಬೇಡ.

ರೂಮಿನ ಬಾಡಿಗೆ ಎಷ್ಟು ಬಾಕಿ ಇದೆ? ಕೈಯಲ್ಲಿ ಎಷ್ಟಿದೆ? ಎರಡೂ ಇದ್ದದ್ದು ಇದ್ದ ಹಾಗೆ ಹೇಳು. ಜೋಳ ಎಷ್ಟು ಮಾರಬೇಕು, ಎಷ್ಟು ಇಟ್ಟುಕೊಳ್ಳಬೇಕು ಅಂತ ನಿಮ್ಮಪ್ಪ ಅದನ್ನು ನೋಡಿಕೊಂಡೇ ತೀರ್ಮಾನ ಮಾಡುತ್ತಾರೆ. ಸೋಮವಾರದೊಳಗೆ ಹೇಳು.

ನಿನ್ನ
ಅವ್ವ