50ನೇ ದಿನದ ಪೋಸ್ಟರ್ ನೋಡಿದ ಮೇಲೆ

ನಾನು ಎಡಿಟ್ ಮಾಡಿದ ಸಿನಿಮಾ ಇವತ್ತು 50 ದಿನ ಪೂರೈಸಿದೆ. ನಿರ್ದೇಶಕರಿಗೂ ಕಲಾವಿದರಿಗೂ ಹಾರ ಬಿತ್ತು, ಬೀಳಲೇಬೇಕು. ಪೋಸ್ಟರ್‌ನಲ್ಲಿ ಕಾಣದ ಕೆಲವರನ್ನು ನಾನಿಲ್ಲಿ ನೆನೆಯಬೇಕು.

ಮೊದಲು ನನ್ನ ಗುರುಗಳು. ಫಿಲ್ಮ್ ರೀಲನ್ನೇ ಕೈಯಲ್ಲಿ ಹಿಡಿದು ಎಡಿಟ್ ಮಾಡುವ ಮೂವಿಯೋಲಾ ಯಂತ್ರದ ಕಾಲದವರು. ಒಂದು ಅಡಿ ಫಿಲ್ಮಿಗೆ 16 ಫ್ರೇಮ್, ಸೆಕೆಂಡಿಗೆ 24 ಅಂತ ಲೆಕ್ಕ ಅವರ ಬಾಯಲ್ಲೇ ಇರುತ್ತಿತ್ತು. ಆಗ ಕತ್ತರಿಸಿದ ಒಂದೊಂದು ತುಂಡನ್ನೂ ನಂಬರ್ ನೋಡಿ ನೇತುಹಾಕಬೇಕಿತ್ತಂತೆ, ಆಮೇಲೆ ಎರಡೇ ಫ್ರೇಮ್ ವಾಪಸ್ ಬೇಕೆಂದರೂ ಹುಡುಕಿ ತಂದು ಟೇಪ್ ಹಚ್ಚಿ ಅಂಟಿಸಬೇಕಿತ್ತಂತೆ. ಅದಕ್ಕೇ 'ಪೂರ್ತಿ ನೋಡು, ಆಮೇಲೆ ಕತ್ತರಿಸು' ಅನ್ನುತ್ತಿದ್ದರು. ಈಗ ಒಂದು ಬಟನ್ ಒತ್ತಿದರೆ ಎಲ್ಲ ವಾಪಸ್ ಬರುತ್ತದೆ, ಆದರೂ ಎಲ್ಲ ಟೇಕ್ ನೋಡದೆ ನಾನು ಕೈ ಹಾಕುವುದಿಲ್ಲ. ಸರ್, ಆ ಅಭ್ಯಾಸ ನೀವು ಕೊಟ್ಟಿದ್ದು.

ನನ್ನ ಅಸಿಸ್ಟೆಂಟ್ ಹುಡುಗರಿಗೂ ಥ್ಯಾಂಕ್ಸ್. ರಾತ್ರಿಯೆಲ್ಲ ಕೂತು ಪ್ರತಿ ಶಾಟಿನ ಕ್ಲ್ಯಾಪ್ ಬೋರ್ಡಿನ ಹೊಡೆತ ಹುಡುಕಿ, ಅದರಿಂದ ಚಿತ್ರಕ್ಕೂ ಶಬ್ದಕ್ಕೂ ಹೊಂದಿಸಿ, ಪ್ರತಿ ಹಾರ್ಡ್ ಡಿಸ್ಕಿಗೂ ಇನ್ನೊಂದು ಕಾಪಿ ಇಟ್ಟವರು ಇವರೇ.

ಎಲ್ಲಕ್ಕಿಂತ ಜಾಸ್ತಿ ಋಣ ಇರುವುದು ಧಾರವಾಡದ ಒಬ್ಬ ಹಿರಿಯ ರಂಗಕಲಾವಿದೆಗೆ. ನಮ್ಮ ಸಿನಿಮಾದಲ್ಲಿ ತಾಯಿಯ ಪಾತ್ರ. ಮಗ ಹೋದ ಸುದ್ದಿ ಬಂದ ಮೇಲೆ ಅವರು ಅಳುವ ಒಂದು ದೊಡ್ಡ ದೃಶ್ಯವಿತ್ತು, ಎಷ್ಟು ಚೆನ್ನಾಗಿ ಮಾಡಿದ್ದರೆಂದರೆ ರಶಸ್ (ಎಡಿಟ್ ಆಗದ ಶೂಟಿಂಗ್ ದೃಶ್ಯಗಳು) ನೋಡುವಾಗ ರೂಮಿನಲ್ಲಿ ಯಾರೂ ಮಾತಾಡಲಿಲ್ಲ. ಆದರೆ ಅದಕ್ಕೂ ಮುಂಚೆ, ಊರವರು ಬಂದು ನಿಂತಾಗ ಅವರು ಬಾಗಿಲು ತೆರೆಯುವ ಶಾಟ್ ಇದೆ ನೋಡಿ, ಅಲ್ಲೇ ಆ ಮುಖದಲ್ಲಿ ಎಲ್ಲ ಮುಗಿದುಹೋಗಿತ್ತು. ಆಮೇಲೆ ಅಳು ತೋರಿಸಿದರೆ ಹೇಳಿದ್ದನ್ನೇ ಮತ್ತೆ ಹೇಳಿದಂತೆ, ಅಲ್ವಾ? ಆ ದೃಶ್ಯ ತೆಗೆದೆವು. ನಿರ್ದೇಶಕರಿಗೆ ಸಂಕಟವಾಯಿತು, ಆದರೂ ನನ್ನ ಮಾತು ನಂಬಿದರು. ಅವರಿಗೂ ನಾನು ಕೃತಜ್ಞ.

ಒಬ್ಬ ಕಲಾವಿದೆ ಹಗಲೆಲ್ಲ ಬೆವರು ಸುರಿಸಿ ಮಾಡಿದ್ದನ್ನು ತೆಗೆಯುವುದು ಸುಲಭವಲ್ಲ. ಬೇಜಾರಾಗುತ್ತಾರೆ ಅಂತಲೇ ಅಂದುಕೊಂಡಿದ್ದೆ. ಅವರು ಸಿನಿಮಾ ನೋಡಿ ತಾವೇ ಫೋನ್ ಮಾಡಿ, "ಬಾಗ್ಲಾ ತೆಗಿಯೂದ್ರಾಗ ಎಲ್ಲಾ ಬಂದೈತಿ ಬಿಡಪಾ, ಛಲೋ ಮಾಡೀರಿ" ಅಂದರು. ಇಷ್ಟು ವರ್ಷದ ಕೆಲಸದಲ್ಲಿ ನನಗೆ ಸಿಕ್ಕ ಅತಿ ದೊಡ್ಡ ಮೆಚ್ಚುಗೆ ಅದು.

ಅಮ್ಮಾ, ತುಂಬಾ ಥ್ಯಾಂಕ್ಸ್. ಆ ಅಳುವ ದೃಶ್ಯದ ಒಂದು ಕಾಪಿ ನಿಮಗೆ ಕೊಡಲು ನಿರ್ಮಾಪಕರು ಒಪ್ಪಿದ್ದಾರೆ. ಮುಂದಿನ ತಿಂಗಳು ಧಾರವಾಡಕ್ಕೆ ನಾನೇ ತರುತ್ತೇನೆ.